ಹರಟೆಕಟ್ಟೆಗೆ ಆಟದ ಬಾಟ್: ಸೇರಿಸುವ ಮುನ್ನ ತಿಳಿದಿರಬೇಕಾದ ಸಂಗತಿಗಳು

ಊರಿನ ಅರಳಿಕಟ್ಟೆಯ ಮೇಲೆ ಯಾರೋ ಒಬ್ಬರು ಚೌಕಾಬಾರದ ಮನೆ ಗೀಚಿದರೆ ಸಾಕು, ಅಲ್ಲಿಯವರೆಗೆ ಸುಮ್ಮನೆ ಕುಳಿತಿದ್ದವರೂ ಕವಡೆಗೆ ಕೈ ಚಾಚುತ್ತಾರೆ. ಪರಿಚಯವಿಲ್ಲದವರು ಎದುರು ಬದುರಾಗುತ್ತಾರೆ. ಆಟ ಮುಗಿಯುವ ವೇಳೆಗೆ ಮಾತು ಬೆಳೆದಿರುತ್ತದೆ. ಅಂತರ್ಜಾಲದ ಹರಟೆಕಟ್ಟೆಗಳಲ್ಲಿಯೂ ನಡೆಯುವುದು ಇದೇ. ಅಲ್ಲಿ ಮನೆ ಗೀಚುವ, ಕವಡೆ ಎಸೆಯುವ, ಸರದಿ ಕೂಗುವ ಮತ್ತು ಅಂಕ ಬರೆದಿಡುವ ಕೆಲಸವನ್ನು ಮನುಷ್ಯನ ಬದಲು ಒಂದು ತಂತ್ರಾಂಶ ನಿರ್ವಹಿಸುತ್ತದೆ. ಅದನ್ನೇ ಆಟದ ಬಾಟ್ ಎಂದು ಕರೆಯುತ್ತಾರೆ.

ಡಿಸ್ಕಾರ್ಡ್, ಟೆಲಿಗ್ರಾಂ ಮುಂತಾದ ವೇದಿಕೆಗಳಲ್ಲಿ ಇಂಥ ಬಾಟ್ ಒಂದನ್ನು ಸೇರಿಸಲು ಕೆಲವೇ ನಿಮಿಷಗಳು ಸಾಕು. ಆದರೆ ಅದರೊಂದಿಗೆ ಬರುವ ಹೊಣೆ ಚಿಕ್ಕದಲ್ಲ. ಬಾಟ್‌ಗೆ ಯಾವ ಅನುಮತಿ ನೀಡಬೇಕು, ಅದು ಯಾರ ಮಾತನ್ನು ಓದಬಲ್ಲದು, ಅದರ ಒಡೆಯ ಯಾರು, ಆಟದಲ್ಲಿ ಹಣ ಸೇರಿಕೊಂಡರೆ ಏನಾಗುತ್ತದೆ ಎಂಬ ಪ್ರಶ್ನೆಗಳಿಗೆ ಮೊದಲೇ ಉತ್ತರ ಕಂಡುಕೊಳ್ಳದ ಸಮುದಾಯಗಳು ವರ್ಷಗಟ್ಟಲೆ ಕೂಡಿಸಿಟ್ಟ ಸಂವಾದವನ್ನೇ ಕಳೆದುಕೊಳ್ಳುವ ಸಾಧ್ಯತೆಯುಂಟು.

ಬಾಟ್ ಎಂದರೇನು?

ರೋಬಾಟ್ ಎಂಬ ಪದದ ಬಾಲವೇ ಬಾಟ್. ಹರಟೆಯ ವೇದಿಕೆಯಲ್ಲಿ ಅದೂ ಒಬ್ಬ ಸದಸ್ಯನಂತೆಯೇ ಕಾಣಿಸಿಕೊಳ್ಳುತ್ತದೆ. ಅದಕ್ಕೊಂದು ಹೆಸರು, ಒಂದು ಚಿತ್ರ, ಸದಸ್ಯರ ಪಟ್ಟಿಯಲ್ಲಿ ಒಂದು ಸ್ಥಾನ ಇರುತ್ತವೆ. ಆದರೆ ಅದರ ಹಿಂದೆ ಕೀಲಿಮಣೆಯ ಮುಂದೆ ಕುಳಿತ ಮನುಷ್ಯನಿರುವುದಿಲ್ಲ. ಬೇರೆಲ್ಲೋ ಒಂದು ಗಣಕಯಂತ್ರದಲ್ಲಿ ಹಗಲಿರುಳೂ ಓಡುತ್ತಿರುವ ಕಾರ್ಯಕ್ರಮವೊಂದು ವೇದಿಕೆಯೊಂದಿಗೆ ಸಂಪರ್ಕ ಇರಿಸಿಕೊಂಡು, ಸದಸ್ಯರು ನೀಡಿದ ಆಜ್ಞೆಗೆ ತಕ್ಕ ಉತ್ತರವನ್ನು ಕಳುಹಿಸುತ್ತಿರುತ್ತದೆ.

ಇಲ್ಲಿ ಬಹಳ ಮಂದಿ ತಪ್ಪು ತಿಳಿಯುವ ಸಂಗತಿ ಒಂದಿದೆ. ಬಾಟ್ ಅನ್ನು ಸರ್ವರಿಗೆ ಸೇರಿಸುವುದೆಂದರೆ ಮೊಬೈಲಿಗೆ ಒಂದು ಆಟವನ್ನು ಇಳಿಸಿಕೊಂಡಂತೆ ಅಲ್ಲ. ಸಮುದಾಯದ ಬಳಿಗೆ ಯಾವ ತಂತ್ರಾಂಶವೂ ಬಂದು ಕೂರುವುದಿಲ್ಲ. ಅದು ತನ್ನ ಒಡೆಯನ ಗಣಕಯಂತ್ರದಲ್ಲಿಯೇ ಇರುತ್ತದೆ. ಸಮುದಾಯ ಮಾಡುವುದಿಷ್ಟೇ: ಆ ಒಡೆಯನ ತಂತ್ರಾಂಶಕ್ಕೆ ತನ್ನ ಮನೆಯೊಳಗೆ ಬರಲು ಬಾಗಿಲು ತೆರೆಯುವುದು. ಆದುದರಿಂದ ಬಾಟ್ ಅನ್ನು ನಂಬುವುದೆಂದರೆ ಅದನ್ನು ನಡೆಸುವವರನ್ನು ನಂಬುವುದೇ ಆಗಿದೆ.

ಹಿನ್ನೆಲೆ

ಆಟದ ಬಾಟ್‌ಗಳ ಇತಿಹಾಸ ಹರಟೆಯ ವೇದಿಕೆಗಳಷ್ಟೇ ಹಳೆಯದು. 1988ರಲ್ಲಿ ಫಿನ್ಲೆಂಡಿನ ಔಲು ವಿಶ್ವವಿದ್ಯಾಲಯದಲ್ಲಿ ಯಾರ್ಕೊ ಓಯ್ಕರಿನೆನ್ ಅವರು ಇಂಟರ್ನೆಟ್ ರಿಲೇ ಚಾಟ್, ಅಂದರೆ ಐಆರ್‌ಸಿ ವ್ಯವಸ್ಥೆಯನ್ನು ರೂಪಿಸಿದರು. ಅದರ ಮೊದಲ ಬಾಟ್‌ಗಳ ಸಾಲಿನಲ್ಲಿ ಗ್ರೆಗ್ ಲಿಂಡಾಲ್ ಅವರ ಜಿಎಂ ಎಂಬ ಬಾಟ್‌ನ ಹೆಸರಿದೆ. ಅದು ಹಂಟ್ ದಿ ವಂಪಸ್ ಎಂಬ ಆಟವನ್ನು ಹರಟೆಯೊಳಗೆ ಆಡಿಸುತ್ತಿತ್ತು. ಗುಹೆಯೊಳಗೆ ಅಡಗಿರುವ ಮೃಗವನ್ನು ಸುಳಿವುಗಳ ಮೇಲೆ ಹುಡುಕುವ ಆ ಆಟವನ್ನು ಗ್ರೆಗರಿ ಯಾಬ್ ಅವರು 1973ರಲ್ಲಿ ಬರೆದಿದ್ದರು. ಚಿತ್ರವಿಲ್ಲದೆ ಬರಿಯ ಪಠ್ಯದಲ್ಲಿಯೇ ನಡೆಯುತ್ತಿದ್ದುದರಿಂದ ಹರಟೆಗೆ ಅದು ಸಹಜವಾಗಿ ಹೊಂದಿಕೊಂಡಿತು.

1993ರಲ್ಲಿ ರೋಬಿ ಪಾಯಿಂಟರ್ ಅವರು ಎಗ್‌ಡ್ರಾಪ್ ಎಂಬ ಬಾಟ್ ಅನ್ನು ಬರೆದರು. ಅದರ ಮುಖ್ಯ ಕೆಲಸ ಚಾನೆಲ್‌ನ ಕಾವಲು. ಆದರೆ ಅದಕ್ಕೆ ಚಿಕ್ಕ ಚಿಕ್ಕ ಲಿಪಿಗಳನ್ನು ಜೋಡಿಸುವ ಅವಕಾಶವಿದ್ದುದರಿಂದ ರಸಪ್ರಶ್ನೆ, ಪದಜೋಡಣೆ ಮುಂತಾದ ಆಟಗಳೂ ಅದರ ಬೆನ್ನೇರಿ ಬಂದವು. ಐಆರ್‌ಸಿಯಲ್ಲಿ ಐಡಲ್ ಆರ್‌ಪಿಜಿ ಎಂಬ ಇನ್ನೊಂದು ವಿಚಿತ್ರ ಆಟವೂ ಪ್ರಸಿದ್ಧವಾಗಿತ್ತು. ಅದರಲ್ಲಿ ಆಟಗಾರ ಮಾಡಬೇಕಾದುದು ಏನೂ ಇಲ್ಲ. ಚಾನೆಲ್‌ನಲ್ಲಿ ಸುಮ್ಮನೆ ಇದ್ದಷ್ಟೂ ಮೇಲಿನ ಹಂತ ಹತ್ತಿರವಾಗುತ್ತದೆ. ಮಾತನಾಡಿದರೆ, ಹೆಸರು ಬದಲಿಸಿದರೆ, ಹೊರಗೆ ಹೋದರೆ ದಂಡ ಬೀಳುತ್ತದೆ. ಹರಟೆಗೆಂದೇ ಇದ್ದ ಜಾಗದಲ್ಲಿ ಮೌನಕ್ಕೆ ಬಹುಮಾನ ನೀಡಿದ ಈ ಆಟ ಒಂದು ಪಾಠವನ್ನೂ ಉಳಿಸಿದೆ. ಬಾಟ್ ಯಾವುದಕ್ಕೆ ಅಂಕ ಕೊಡುತ್ತದೆಯೋ ಸಮುದಾಯ ಕ್ರಮೇಣ ಅದನ್ನೇ ಮಾಡತೊಡಗುತ್ತದೆ.

2015ರ ಮೇ ತಿಂಗಳಿನಲ್ಲಿ ಜೇಸನ್ ಸಿಟ್ರಾನ್ ಮತ್ತು ಸ್ಟಾನಿಸ್ಲಾವ್ ವಿಶ್ನೆವ್‌ಸ್ಕಿ ಅವರ ಡಿಸ್ಕಾರ್ಡ್ ಆರಂಭವಾಯಿತು. ಅದೇ ವರ್ಷದ ಜೂನ್‌ನಲ್ಲಿ ಟೆಲಿಗ್ರಾಂ ತನ್ನ ಬಾಟ್ ವ್ಯವಸ್ಥೆಯನ್ನು ತೆರೆಯಿತು. 2016ರ ಅಕ್ಟೋಬರ್‌ನಲ್ಲಿ ಆಟಗಳಿಗೆಂದೇ ಪ್ರತ್ಯೇಕ ಸೌಲಭ್ಯವನ್ನೂ ಕಲ್ಪಿಸಿತು. ಮೊದಲು ಗಣಕ ಪರಿಣತರ ಹವ್ಯಾಸವಾಗಿದ್ದ ಆಟದ ಬಾಟ್ ಅನ್ನು ಈ ಎರಡು ವೇದಿಕೆಗಳು ಸಾಮಾನ್ಯ ಬಳಕೆದಾರರ ಕೈಗೆ ತಂದವು.

ಎಂತೆಂಥ ಆಟಗಳು?

ಹರಟೆಯ ಬಾಟ್‌ಗಳು ಆಡಿಸುವ ಆಟಗಳನ್ನು ಸ್ಥೂಲವಾಗಿ ನಾಲ್ಕು ಬಗೆಯಾಗಿ ವಿಂಗಡಿಸಬಹುದು.

ಮೊದಲನೆಯದು ರಸಪ್ರಶ್ನೆ ಮತ್ತು ಪದದಾಟ. ಬಾಟ್ ಪ್ರಶ್ನೆ ಕೇಳುತ್ತದೆ, ಮೊದಲು ಸರಿಯುತ್ತರ ನೀಡಿದವರಿಗೆ ಅಂಕ ದೊರೆಯುತ್ತದೆ. ಟೆಲಿಗ್ರಾಂನಲ್ಲಿ ಸ್ಪರ್ಧಾತ್ಮಕ ಪರೀಕ್ಷೆಗಳಿಗೆ ಓದುವವರ ಗುಂಪುಗಳು ಈ ಬಗೆಯನ್ನು ಅಭ್ಯಾಸಕ್ಕಾಗಿ ಬಳಸಿಕೊಳ್ಳುತ್ತವೆ.

ಎರಡನೆಯದು ಸರದಿಯಾಟ. ಚದುರಂಗ, ಗೀಟು-ಸೊನ್ನೆಯಾಟ, ಇಸ್ಪೀಟು ಮೊದಲಾದವು ಈ ಗುಂಪಿಗೆ ಸೇರುತ್ತವೆ. ಇಬ್ಬರು ಅಥವಾ ನಾಲ್ವರು ಆಡಿದರೆ ಉಳಿದವರು ಸುತ್ತ ನಿಂತು ನೋಡುತ್ತಾರೆ.

ಮೂರನೆಯದು ಸಂಗ್ರಹದಾಟ. ಚಾನೆಲ್‌ನಲ್ಲಿ ಆಗಾಗ ಒಂದು ಪ್ರಾಣಿಯೋ ಪಾತ್ರವೋ ಕಾಣಿಸಿಕೊಳ್ಳುತ್ತದೆ. ಮೊದಲು ಹಿಡಿದವರಿಗೆ ಅದು ಸೇರುತ್ತದೆ. ಅಪರೂಪದ್ದು ಸಿಕ್ಕೀತೆಂಬ ಆಸೆಯೇ ಇದರ ಜೀವಾಳ.

ನಾಲ್ಕನೆಯದು ನಾಣ್ಯದಾಟ. ಬಾಟ್ ತನ್ನದೇ ಕಾಲ್ಪನಿಕ ನಾಣ್ಯವನ್ನು ಹಂಚುತ್ತದೆ. ಸದಸ್ಯರು ದಿನವೂ ಬಂದು ಅದನ್ನು ಗಳಿಸುತ್ತಾರೆ, ಒಬ್ಬರಿಂದೊಬ್ಬರು ಕದಿಯುತ್ತಾರೆ, ಪಣವಾಗಿಯೂ ಒಡ್ಡುತ್ತಾರೆ. ಅತ್ಯಂತ ಜನಪ್ರಿಯವಾದ ಬಗೆಯೂ ಇದೇ, ಅತ್ಯಂತ ಎಚ್ಚರ ಬೇಡುವ ಬಗೆಯೂ ಇದೇ.

ಇವಲ್ಲದೆ ಡಿಸ್ಕಾರ್ಡ್‌ನಲ್ಲಿ ಆಕ್ಟಿವಿಟಿ ಎಂಬ ಇನ್ನೊಂದು ವಿಧವಿದೆ. ಹರಟೆಯ ಕಿಟಕಿಯೊಳಗೇ ತೆರೆದುಕೊಳ್ಳುವ ಚಿತ್ರಸಹಿತ ಆಟವಿದು. ಇಂಥವನ್ನು ರಚಿಸುವ ಸಲಕರಣೆಯನ್ನು ಕಂಪನಿಯು 2024ರಲ್ಲಿ ಎಲ್ಲ ತಂತ್ರಜ್ಞರಿಗೂ ತೆರೆದಿಟ್ಟಿತು.

ಸೇರಿಸುವ ಕ್ರಮ

ಡಿಸ್ಕಾರ್ಡ್‌ನಲ್ಲಿ ಬಾಟ್ ಸೇರಿಸುವ ಅಧಿಕಾರ ಎಲ್ಲ ಸದಸ್ಯರಿಗೂ ಇರುವುದಿಲ್ಲ. ಸರ್ವರನ್ನು ನಿರ್ವಹಿಸುವ ಅನುಮತಿ ಪಡೆದವರು ಮಾತ್ರ ಇದನ್ನು ಮಾಡಬಲ್ಲರು. ಬಾಟ್‌ನ ಪುಟದಲ್ಲಿರುವ ಆಹ್ವಾನದ ಕೊಂಡಿಯನ್ನು ತೆರೆದಾಗ ಯಾವ ಸರ್ವರಿಗೆ ಸೇರಿಸಬೇಕೆಂದು ಡಿಸ್ಕಾರ್ಡ್ ಕೇಳುತ್ತದೆ. ಅನಂತರ ಬಾಟ್ ಬೇಡುತ್ತಿರುವ ಅನುಮತಿಗಳ ಪಟ್ಟಿಯನ್ನು ತೋರಿಸುತ್ತದೆ. ಬೇಡವಾದ ಅನುಮತಿಯ ಗುರುತನ್ನು ಅಲ್ಲಿಯೇ ತೆಗೆದುಹಾಕಬಹುದು. ಒಪ್ಪಿಗೆ ಸೂಚಿಸಿದೊಡನೆ ಬಾಟ್ ಸದಸ್ಯರ ಪಟ್ಟಿಗೆ ಬಂದು ಸೇರುತ್ತದೆ. ಅದು ಬೇಡಿದ ಅನುಮತಿಗಳನ್ನು ಹೊತ್ತ ಒಂದು ರೋಲ್ ಕೂಡ ತಾನಾಗಿಯೇ ಸೃಷ್ಟಿಯಾಗುತ್ತದೆ.

ಇದಾದ ಮೇಲೆ ಸರ್ವರ್ ಸೆಟ್ಟಿಂಗ್ಸ್‌ನ ಇಂಟಿಗ್ರೇಷನ್ಸ್ ವಿಭಾಗಕ್ಕೆ ಹೋಗಿ, ಬಾಟ್‌ನ ಆಜ್ಞೆಗಳು ಯಾವ ಚಾನೆಲ್‌ಗಳಲ್ಲಿ ನಡೆಯಬೇಕು, ಯಾವ ರೋಲ್ ಇರುವವರು ಅವನ್ನು ಬಳಸಬಹುದು ಎಂಬುದನ್ನು ನಿಗದಿಪಡಿಸಬೇಕು. ಈ ಹಂತವನ್ನು ಬಿಟ್ಟರೆ ಪ್ರಕಟಣೆಯ ಚಾನೆಲ್‌ನಲ್ಲಿಯೂ ದಾಳ ಉರುಳತೊಡಗುತ್ತದೆ.

ಮೊದಲು ಬಾಟ್‌ಗಳು ಚಾನೆಲ್‌ನ ಪ್ರತಿಯೊಂದು ಸಂದೇಶವನ್ನೂ ಓದುತ್ತ, ಆಶ್ಚರ್ಯಸೂಚಕ ಚಿಹ್ನೆಯಂಥ ಗುರುತಿನಿಂದ ಆರಂಭವಾಗುವ ಮಾತು ಬಂದರೆ ಅದನ್ನು ಆಜ್ಞೆಯೆಂದು ಗ್ರಹಿಸುತ್ತಿದ್ದವು. ಈಗ ಓರೆಗೆರೆಯಿಂದ ಆರಂಭವಾಗುವ ಆಜ್ಞೆಗಳು ರೂಢಿಯಲ್ಲಿವೆ. ಓರೆಗೆರೆಯನ್ನು ಒತ್ತಿದೊಡನೆ ಲಭ್ಯವಿರುವ ಆಜ್ಞೆಗಳ ಪಟ್ಟಿ ತೆರೆದುಕೊಳ್ಳುತ್ತದೆ. ಇಂಥ ಆಜ್ಞೆಯನ್ನು ವೇದಿಕೆಯೇ ನೇರವಾಗಿ ಬಾಟ್‌ಗೆ ತಲುಪಿಸುವುದರಿಂದ ಉಳಿದ ಸಂಭಾಷಣೆಯನ್ನು ಬಾಟ್ ಓದುವ ಅಗತ್ಯವೇ ಇಲ್ಲ. 2022ರಿಂದ ಹೆಚ್ಚು ಸರ್ವರುಗಳಲ್ಲಿರುವ ಬಾಟ್‌ಗಳು ಸದಸ್ಯರ ಸಂದೇಶದ ಪಠ್ಯವನ್ನು ಓದಬೇಕಾದರೆ ಡಿಸ್ಕಾರ್ಡ್‌ನಿಂದ ವಿಶೇಷ ಒಪ್ಪಿಗೆ ಪಡೆಯಬೇಕು. 100 ಸರ್ವರುಗಳ ಮಿತಿ ದಾಟಬೇಕಾದ ಬಾಟ್‌ಗೆ 2020ರಿಂದಲೇ ಪರಿಶೀಲನೆ ಕಡ್ಡಾಯವಾಗಿದೆ.

ಟೆಲಿಗ್ರಾಂನ ಕ್ರಮ ಇನ್ನೂ ಸರಳ. ಸದಸ್ಯರನ್ನು ಸೇರಿಸುವಂತೆಯೇ ಬಾಟ್ ಅನ್ನೂ ಗುಂಪಿಗೆ ಸೇರಿಸಬಹುದು. ಸಾಮಾನ್ಯವಾಗಿ ಅಲ್ಲಿನ ಬಾಟ್‌ಗೆ ಗುಂಪಿನ ಎಲ್ಲ ಮಾತುಗಳೂ ಕಾಣುವುದಿಲ್ಲ. ತನಗೆಂದು ಬಂದ ಆಜ್ಞೆಗಳು ಮತ್ತು ತನ್ನ ಸಂದೇಶಕ್ಕೆ ಬಂದ ಉತ್ತರಗಳಷ್ಟೇ ಅದನ್ನು ತಲುಪುತ್ತವೆ. ಆದರೆ ಬಾಟ್ ಅನ್ನು ಗುಂಪಿನ ಅಡ್ಮಿನ್ ಮಾಡಿದ ಕ್ಷಣದಿಂದ ಈ ಪರದೆ ಸರಿಯುತ್ತದೆ, ಸದಸ್ಯರ ಮಾತೆಲ್ಲವೂ ಅದಕ್ಕೆ ಕಾಣತೊಡಗುತ್ತದೆ. ಆಟ ಆಡಿಸುವ ಬಾಟ್ ಒಂದು ಅಡ್ಮಿನ್ ಪದವಿ ಕೇಳಿದರೆ ಏಕೆಂದು ವಿಚಾರಿಸುವುದು ಒಳ್ಳೆಯದು.

ಅನುಮತಿ ಎಷ್ಟು?

ಬಾಟ್ ಸೇರಿಸುವಾಗ ನಡೆಯುವ ಅತಿ ದೊಡ್ಡ ತಪ್ಪು ಎಂದರೆ ಅಡ್ಮಿನಿಸ್ಟ್ರೇಟರ್ ಎಂಬ ಒಂದೇ ಅನುಮತಿಯನ್ನು ನೀಡಿ ಕೈತೊಳೆದುಕೊಳ್ಳುವುದು. ಬಾಟ್ ಕೆಲಸ ಮಾಡದಿದ್ದಾಗ ಯಾವ ಅನುಮತಿ ಕೊರತೆಯಾಗಿದೆ ಎಂದು ಹುಡುಕುವ ಬದಲು ಎಲ್ಲವನ್ನೂ ಕೊಟ್ಟುಬಿಡುವುದು ಸುಲಭವೆಂದು ತೋರುತ್ತದೆ. ಆದರೆ ಆ ಒಂದು ಅನುಮತಿಯೊಳಗೆ ಚಾನೆಲ್‌ಗಳನ್ನು ಅಳಿಸುವ, ಸದಸ್ಯರನ್ನು ಹೊರಹಾಕುವ, ಎಲ್ಲ ಗುಪ್ತ ಚಾನೆಲ್‌ಗಳನ್ನೂ ನೋಡುವ ಅಧಿಕಾರ ಅಡಗಿದೆ. ಚಾನೆಲ್‌ಗೆ ಹಾಕಿದ ಪ್ರತ್ಯೇಕ ನಿರ್ಬಂಧಗಳು ಕೂಡ ಅದರ ಮುಂದೆ ನಿಲ್ಲುವುದಿಲ್ಲ.

ಬಾಟ್‌ನ ಒಡೆಯ ಸಜ್ಜನನೇ ಇರಬಹುದು. ಆದರೆ ಅವನ ಟೋಕನ್ ಕಳುವಾದರೆ ಕದ್ದವನು ಬಾಟ್‌ನ ವೇಷದಲ್ಲಿ ಅದೇ ಅಧಿಕಾರವನ್ನು ಚಲಾಯಿಸುತ್ತಾನೆ. ಒಂದು ಚಿಕ್ಕ ಕಾರ್ಯಕ್ರಮ ನಿಮಿಷಗಳೊಳಗೆ ಸರ್ವರಿನ ಎಲ್ಲ ಚಾನೆಲ್‌ಗಳನ್ನೂ ಅಳಿಸಬಲ್ಲದು. ಹಾಗೆ ಅಳಿಸಿದ ಚಾನೆಲ್ ಮತ್ತು ಅದರೊಳಗಿನ ಸಂದೇಶಗಳನ್ನು ಮರಳಿ ಪಡೆಯುವ ದಾರಿ ಡಿಸ್ಕಾರ್ಡ್‌ನಲ್ಲಿಲ್ಲ. ಬೇಲಿಯೇ ಎದ್ದು ಹೊಲ ಮೇಯುವುದೆಂದರೆ ಇದು.

ಆಟ ಆಡಿಸಲು ಬಾಟ್‌ಗೆ ಬೇಕಾದುದು ಬಹಳ ಕಡಿಮೆ. ಚಾನೆಲ್ ನೋಡುವುದು, ಸಂದೇಶ ಕಳುಹಿಸುವುದು, ಕೊಂಡಿ ಮತ್ತು ಚಿತ್ರಗಳನ್ನು ಲಗತ್ತಿಸುವುದು, ಅಗತ್ಯವಿದ್ದರೆ ಪ್ರತಿಕ್ರಿಯೆಯ ಚಿಹ್ನೆ ಹಾಕುವುದು ಇಷ್ಟು ಅನುಮತಿಗಳಲ್ಲಿ ಬಹುತೇಕ ಆಟಗಳು ನಡೆಯುತ್ತವೆ. ಗೆದ್ದವರಿಗೆ ವಿಶೇಷ ರೋಲ್ ಹಂಚಬೇಕಾದರೆ ಮಾತ್ರ ರೋಲ್ ನಿರ್ವಹಣೆಯ ಅನುಮತಿ ಬೇಕಾಗುತ್ತದೆ. ಆಗಲೂ ಬಾಟ್ ತನ್ನ ರೋಲ್‌ಗಿಂತ ಕೆಳಗಿರುವ ರೋಲ್‌ಗಳನ್ನಷ್ಟೇ ಹಂಚಬಲ್ಲದು. ಆದ್ದರಿಂದ ಪಟ್ಟಿಯಲ್ಲಿ ಬಾಟ್‌ನ ರೋಲ್ ಅನ್ನು ಮೇಲ್ವಿಚಾರಕರ ರೋಲ್‌ಗಿಂತ ಕೆಳಗೆ, ಬಹುಮಾನದ ರೋಲ್‌ಗಿಂತ ಮೇಲೆ ಇರಿಸಿದರೆ ಕೆಲಸವೂ ಆಗುತ್ತದೆ, ಅಪಾಯವೂ ತಪ್ಪುತ್ತದೆ.

ಯಾವ ಬದಲಾವಣೆಯನ್ನು ಯಾರು ಮಾಡಿದರೆಂಬುದು ಆಡಿಟ್ ಲಾಗ್‌ನಲ್ಲಿ ದಾಖಲಾಗುತ್ತದೆ. ಈ ದಾಖಲೆ 45 ದಿನಗಳವರೆಗೆ ಮಾತ್ರ ಉಳಿಯುವುದರಿಂದ ಹೊಸ ಬಾಟ್ ಸೇರಿಸಿದ ಮೊದಲ ವಾರಗಳಲ್ಲಿಯೇ ಅದನ್ನು ನೋಡುತ್ತಿರುವುದು ಸೂಕ್ತ.

ಸ್ವಂತ ಬಾಟ್ ರಚಿಸುವವರಿಗೆ

ಸಿದ್ಧ ಬಾಟ್‌ಗಳ ಬದಲು ತಮ್ಮದೇ ಬಾಟ್ ರಚಿಸಿಕೊಳ್ಳುವ ಸಮುದಾಯಗಳೂ ಇವೆ. ಪೈಥಾನ್ ಅಥವಾ ಜಾವಾಸ್ಕ್ರಿಪ್ಟ್ ಬಲ್ಲ ವಿದ್ಯಾರ್ಥಿಗೆ ಇದು ಒಳ್ಳೆಯ ಅಭ್ಯಾಸ. ಡಿಸ್ಕಾರ್ಡ್‌ನ ಡೆವಲಪರ್ ಪೋರ್ಟಲ್‌ನಲ್ಲಿ ಹೊಸ ಅಪ್ಲಿಕೇಶನ್ ದಾಖಲಿಸಿದರೆ ಒಂದು ಟೋಕನ್ ದೊರೆಯುತ್ತದೆ. ಟೆಲಿಗ್ರಾಂನಲ್ಲಿ ಬಾಟ್‌ಫಾದರ್ ಎಂಬ ಬಾಟ್‌ನೊಂದಿಗೆ ಮಾತನಾಡಿ ಅದನ್ನು ಪಡೆಯಬೇಕು. ಟೋಕನ್ ಎಂದರೆ ಬಾಟ್‌ನ ಮನೆಯ ಬೀಗದ ಕೈ. ಅದನ್ನು ಕಾರ್ಯಕ್ರಮದ ಸಾಲುಗಳ ನಡುವೆ ಬರೆದು ಸಾರ್ವಜನಿಕ ಕೋಶದಲ್ಲಿ ಇರಿಸುವುದು, ನೆರವು ಕೇಳುವಾಗ ಪರದೆಯ ಚಿತ್ರದಲ್ಲಿ ತೋರಿಸುವುದು ಕಲಿಯುವವರು ಸಾಮಾನ್ಯವಾಗಿ ಎಸಗುವ ತಪ್ಪು. ಸೋರಿಹೋಯಿತೆಂಬ ಸಂಶಯ ಬಂದರೂ ಸಾಕು, ಕೂಡಲೇ ಹೊಸ ಟೋಕನ್ ಪಡೆದು ಹಳೆಯದನ್ನು ನಿಷ್ಕ್ರಿಯಗೊಳಿಸಬೇಕು.

ಡಿಸ್ಕಾರ್ಡ್‌ನಲ್ಲಿ ಸದಸ್ಯರು ಆಜ್ಞೆ ನೀಡಿದ 3 ಸೆಕೆಂಡುಗಳೊಳಗೆ ಬಾಟ್ ಪ್ರತಿಕ್ರಿಯಿಸಬೇಕು. ಇಲ್ಲವಾದರೆ ಆಜ್ಞೆ ವಿಫಲವಾಯಿತೆಂಬ ಸೂಚನೆ ಕಾಣಿಸಿಕೊಳ್ಳುತ್ತದೆ. ಹೆಚ್ಚು ಸಮಯ ಬೇಡುವ ಲೆಕ್ಕವಿದ್ದರೆ ಮೊದಲು ಕಾಯುವಂತೆ ತಿಳಿಸಿ, ಅನಂತರ 15 ನಿಮಿಷಗಳ ಒಳಗೆ ಉತ್ತರವನ್ನು ಪೂರ್ಣಗೊಳಿಸುವ ಅವಕಾಶವಿದೆ. ಒಂದು ಬಾಟ್ ಸೆಕೆಂಡಿಗೆ ಕಳುಹಿಸಬಹುದಾದ ಕೋರಿಕೆಗಳಿಗೆ 50ರ ಸಾಮಾನ್ಯ ಮಿತಿಯಿದೆ. ಪ್ರತಿ ಸೆಕೆಂಡಿಗೂ ಗಡಿಯಾರ ಬದಲಿಸಿ ತೋರಿಸುವ ರಸಪ್ರಶ್ನೆಯ ಬಾಟ್ ಹಲವು ಚಾನೆಲ್‌ಗಳಲ್ಲಿ ಏಕಕಾಲಕ್ಕೆ ಓಡಿದರೆ ಈ ಮಿತಿಗೆ ಬೇಗನೆ ತಾಗುತ್ತದೆ.

ಅಂಕಗಳನ್ನು ಕಾರ್ಯಕ್ರಮದ ನೆನಪಿನಲ್ಲಷ್ಟೇ ಇರಿಸಿದರೆ ವಿದ್ಯುತ್ ಹೋದೊಡನೆ ಎಲ್ಲವೂ ಅಳಿದುಹೋಗುತ್ತದೆ. ಚಿಕ್ಕ ಸಮುದಾಯಕ್ಕೆ ಎಸ್‌ಕ್ಯೂಲೈಟ್‌ನಂಥ ಸರಳ ದತ್ತಸಂಚಯ ಸಾಕು. ಅದರ ಪ್ರತಿಯನ್ನು ಬೇರೆಡೆ ತೆಗೆದಿಡುವುದನ್ನು ಮರೆಯಬಾರದು. ಇಬ್ಬರು ಒಂದೇ ಕ್ಷಣದಲ್ಲಿ ಉತ್ತರಿಸಿದರೆ ಮೊದಲಿಗರು ಯಾರು ಎಂಬ ಜಗಳವೂ ಸಾಮಾನ್ಯ. ಡಿಸ್ಕಾರ್ಡ್‌ನ ಪ್ರತಿಯೊಂದು ಸಂದೇಶದ ಗುರುತುಸಂಖ್ಯೆಯೊಳಗೆ ಅದು ಸೃಷ್ಟಿಯಾದ ಸಮಯ ಮಿಲಿಸೆಕೆಂಡಿನವರೆಗೆ ಅಡಗಿರುತ್ತದೆ. ಬಾಟ್‌ಗೆ ತಲುಪಿದ ಕ್ರಮವನ್ನು ಬಿಟ್ಟು ಆ ಸಂಖ್ಯೆಯನ್ನೇ ಆಧಾರವಾಗಿಟ್ಟುಕೊಂಡರೆ ನ್ಯಾಯ ಹೇಳುವುದು ಸುಲಭ.

ಕನ್ನಡದ ಆಟಕ್ಕೆ ಕನ್ನಡದ ಲೆಕ್ಕ

ಇಂಗ್ಲಿಷಿಗೆಂದು ಬರೆದ ಪದದಾಟದ ಬಾಟ್‌ಗೆ ಕನ್ನಡದ ಪದಪಟ್ಟಿಯನ್ನು ತುಂಬಿಸಿದರೆ ಆಟ ನಡೆಯುವುದಿಲ್ಲ. ಕಾರಣ, ಯಂತ್ರ ಎಣಿಸುವ ಅಕ್ಷರವೂ ಕನ್ನಡಿಗರು ಎಣಿಸುವ ಅಕ್ಷರವೂ ಬೇರೆ ಬೇರೆ. ‘ಕರ್ನಾಟಕ’ ಎಂಬ ಪದದಲ್ಲಿ ಓದುಗರಿಗೆ ಕಾಣುವುದು 4 ಅಕ್ಷರ. ಯೂನಿಕೋಡ್‌ನಲ್ಲಿ ಅದು 7 ಸಂಕೇತಗಳ ಸಾಲು. ‘ಕ್ಷ’ ಎಂಬ ಒಂದು ಅಕ್ಷರ ಕಕಾರ, ವಿರಾಮ ಚಿಹ್ನೆ, ಷಕಾರ ಎಂಬ 3 ಸಂಕೇತಗಳಾಗಿ ಒಡೆಯುತ್ತದೆ. ನಾಲ್ಕಕ್ಷರದ ಪದ ಊಹಿಸಿರಿ ಎಂದು ಹೇಳಬೇಕಾದ ಬಾಟ್ ಏಳಕ್ಷರ ಎಂದು ಹೇಳಿ ಆಟಗಾರರನ್ನು ದಾರಿ ತಪ್ಪಿಸುತ್ತದೆ.

ಅಂತ್ಯಾಕ್ಷರಿಯಲ್ಲಿ ತೊಡಕು ಇನ್ನೂ ಹೆಚ್ಚು. ‘ಮನೆ’ ಎಂಬ ಪದದ ಕೊನೆಯ ಸಂಕೇತ ನಕಾರವಲ್ಲ, ಅದರ ಮೇಲಿರುವ ಎತ್ವದ ಚಿಹ್ನೆ. ತಿಳಿಯದ ಬಾಟ್ ಆ ಚಿಹ್ನೆಯಿಂದ ಆರಂಭವಾಗುವ ಪದವನ್ನು ಕೇಳುತ್ತದೆ. ಅಂಥ ಪದ ಕನ್ನಡದಲ್ಲಿಲ್ಲ. ‘ರಾಜ್ಯ’ ಎಂಬಲ್ಲಿ ಮುಂದಿನವರು ಜಕಾರದಿಂದ ಹೇಳಬೇಕೋ ಯಕಾರದಿಂದ ಹೇಳಬೇಕೋ ಎಂಬುದನ್ನು ಆಟ ಆರಂಭಿಸುವ ಮೊದಲೇ ನಿಯಮವಾಗಿ ಬರೆದಿಡಬೇಕು.

ಬರಹದಲ್ಲಿ ಒಂದೇ ರೀತಿ ಕಾಣುವ ಉತ್ತರಗಳನ್ನು ಯಂತ್ರ ಬೇರೆ ಎಂದು ತಿಳಿಯುವ ಸಂಭವವೂ ಇದೆ. ‘ಕೋಟೆ’ ಎಂಬಲ್ಲಿನ ಓತ್ವವನ್ನು ಒಂದೇ ಸಂಕೇತವಾಗಿ ದಾಖಲಿಸಬಹುದು, ಎತ್ವ, ಕೊಂಬು ಮತ್ತು ದೀರ್ಘದ ಚಿಹ್ನೆಗಳನ್ನು ಜೋಡಿಸಿಯೂ ದಾಖಲಿಸಬಹುದು. ‘ಸಾಫ್ಟ್‌ವೇರ್’ ಎಂಬಂಥ ಪದಗಳಲ್ಲಿ ಒತ್ತಕ್ಷರ ಕೂಡದಂತೆ ತಡೆಯುವ, ಕಣ್ಣಿಗೆ ಕಾಣದ ಸಂಕೇತವೊಂದು ನಡುವೆ ಕುಳಿತಿರುತ್ತದೆ. ಒಬ್ಬರ ಕೀಲಿಮಣೆ ಅದನ್ನು ಹಾಕುತ್ತದೆ, ಇನ್ನೊಬ್ಬರದು ಹಾಕುವುದಿಲ್ಲ. ಸರಿಯುತ್ತರ ಬರೆದವರಿಗೆ ತಪ್ಪೆಂಬ ಉತ್ತರ ಬಂದಾಗ ದೋಷ ಹೆಚ್ಚಾಗಿ ಇಲ್ಲಿಯೇ ಇರುತ್ತದೆ. ಹೋಲಿಸುವ ಮೊದಲು ಎರಡೂ ಪಠ್ಯಗಳನ್ನು ಯೂನಿಕೋಡ್ ವಿಧಿಸಿದ ಒಂದೇ ರೂಪಕ್ಕೆ ತಂದು, ಕಾಣದ ಸಂಕೇತಗಳನ್ನು ತೆಗೆದು, ವ್ಯಂಜನ, ಒತ್ತು ಮತ್ತು ಸ್ವರಚಿಹ್ನೆಗಳನ್ನು ಕೂಡಿಸಿ ಒಂದು ಅಕ್ಷರವೆಂದು ಎಣಿಸುವ ಏರ್ಪಾಡು ಮಾಡಿಕೊಳ್ಳಬೇಕು. ಸಿದ್ಧವಾಗಿ ದೊರೆಯುವ ತಂತ್ರಾಂಶ ಭಂಡಾರಗಳು ಒತ್ತಕ್ಷರವನ್ನು ಒಡೆದು ಎಣಿಸುವುದುಂಟು. ಆದ್ದರಿಂದ ಸಂಯುಕ್ತಾಕ್ಷರಗಳಿರುವ ಪದಗಳ ಮೇಲೆ ಮೊದಲೇ ಪರೀಕ್ಷೆ ನಡೆಸುವುದು ಅವಶ್ಯ.

ಕಟ್ಟೆಯ ಶಿಸ್ತು

ಆಟ ಬಂದ ಮೊದಲ ವಾರ ಚಾನೆಲ್ ತುಂಬಿ ತುಳುಕುತ್ತದೆ. ಬಾಟ್‌ನ ಆಜ್ಞೆ ಮತ್ತು ಉತ್ತರಗಳ ನಡುವೆ ಸದಸ್ಯರ ಮಾತು ಮುಳುಗಿಹೋಗುತ್ತದೆ. ಯಾರೋ ಒಬ್ಬರು ಕೇಳಿದ ಪ್ರಶ್ನೆ ನಾಲ್ಕು ದಾಳದ ಫಲಿತಾಂಶಗಳ ಮೇಲೆ ಸರಿದು ಕಾಣದಾಗುತ್ತದೆ. ಅದಕ್ಕಾಗಿಯೇ ಆಟಕ್ಕೆ ಪ್ರತ್ಯೇಕ ಚಾನೆಲ್ ತೆರೆಯುವುದು ರೂಢಿ. ಏಕಕಾಲಕ್ಕೆ ಐದಾರು ಬಾಟ್‌ಗಳನ್ನು ಸೇರಿಸುವ ಬದಲು ಒಂದನ್ನು ಸೇರಿಸಿ, ತಿಂಗಳೊಂದು ಕಳೆದ ಮೇಲೆ ಸದಸ್ಯರ ಅಭಿಪ್ರಾಯ ಕೇಳಿ ಮುಂದುವರಿಯುವುದು ಲೇಸು.

ಬರಿಯ ಸಂದೇಶಗಳ ಸಂಖ್ಯೆಗೆ ಅಂಕ ನೀಡುವ ಬಾಟ್‌ಗಳಿಂದ ಇನ್ನೊಂದು ತೊಂದರೆಯಿದೆ. ಅಂಕದ ಆಸೆಗೆ ಸದಸ್ಯರು ಅರ್ಥವಿಲ್ಲದ ಒಂದೊಂದು ಪದವನ್ನು ಬರೆದು ಬರೆದು ಪಟ್ಟಿಯ ಮೇಲೇರುತ್ತಾರೆ. ಅಪರೂಪಕ್ಕೆ ಬಂದು ಒಳ್ಳೆಯ ಮಾತೊಂದನ್ನು ಹೇಳಿಹೋಗುವವರು ಪಟ್ಟಿಯ ತಳದಲ್ಲಿ ಉಳಿಯುತ್ತಾರೆ. ಸಮುದಾಯ ಯಾವುದನ್ನು ಗೌರವಿಸಬೇಕೆಂದು ಬಯಸುತ್ತದೆಯೋ ಅದಕ್ಕೆ ತಕ್ಕ ಆಟವನ್ನು ಆರಿಸಿಕೊಳ್ಳಬೇಕು.

ಡಿಸ್ಕಾರ್ಡ್ ಬಳಸಲು ಕನಿಷ್ಠ 13 ವರ್ಷ ತುಂಬಿರಬೇಕು, ಕೆಲವು ದೇಶಗಳಲ್ಲಿ ಇದಕ್ಕಿಂತ ಹೆಚ್ಚು. ಅಂದರೆ ಪ್ರೌಢಶಾಲೆಯ ಮಕ್ಕಳು ಸರ್ವರಿನಲ್ಲಿ ಇರುತ್ತಾರೆಂದೇ ಭಾವಿಸಿ ನಿಯಮಗಳನ್ನು ರೂಪಿಸಬೇಕು. ದಿನವೂ ತಪ್ಪದೆ ಬಂದರೆ ಹೆಚ್ಚು ನಾಣ್ಯ, ಒಂದು ದಿನ ತಪ್ಪಿದರೆ ಗಳಿಸಿದ ಸರಣಿಯೆಲ್ಲ ಸೊನ್ನೆ ಎಂಬ ಏರ್ಪಾಡು ಪರೀಕ್ಷೆಯ ಹಿಂದಿನ ರಾತ್ರಿಯೂ ಮಗುವನ್ನು ಪರದೆಯ ಮುಂದೆ ಕೂರಿಸಬಲ್ಲದು. ಅಂಥ ಸರಣಿಯನ್ನು ನಿಲ್ಲಿಸುವ ಆಯ್ಕೆ ಬಾಟ್‌ನಲ್ಲಿದ್ದರೆ ಅದನ್ನು ಬಳಸಬೇಕು, ಇಲ್ಲದಿದ್ದರೆ ಬೇರೆ ಬಾಟ್ ಹುಡುಕಬೇಕು.

ಹಣ ಸೇರಿದರೆ

ಕಾಲ್ಪನಿಕ ನಾಣ್ಯದಲ್ಲಿ ಆಡುವವರೆಗೆ ಅದು ಆಟ. ಆ ನಾಣ್ಯವನ್ನು ರೂಪಾಯಿ ಕೊಟ್ಟು ಕೊಳ್ಳುವ ಮತ್ತು ಗೆದ್ದದ್ದನ್ನು ರೂಪಾಯಿಯಾಗಿ ಪರಿವರ್ತಿಸುವ ದಾರಿ ತೆರೆದರೆ ವಿಷಯವೇ ಬದಲಾಗುತ್ತದೆ. ಪಗಡೆಯ ಹಾಸಿನ ಮೇಲೆ ರಾಜ್ಯ ಕಳೆದುಕೊಂಡ ಧರ್ಮರಾಯನ ಕಥೆ ಎಲ್ಲರಿಗೂ ಗೊತ್ತಿದ್ದರೂ ಮುಂದಿನ ದಾಳದಲ್ಲಿ ಎಲ್ಲವೂ ಮರಳಿ ಬಂದೀತೆಂಬ ಭ್ರಮೆ ಮಾತ್ರ ಹಳೆಯದಾಗಿಲ್ಲ.

ಕರ್ನಾಟಕ ಸರ್ಕಾರ 2021ರಲ್ಲಿ ಪೊಲೀಸ್ ಕಾಯಿದೆಗೆ ತಿದ್ದುಪಡಿ ತಂದು ಪಣವಿಟ್ಟು ಆಡುವ ಆನ್‌ಲೈನ್ ಆಟಗಳನ್ನು ನಿಷೇಧಿಸಿತ್ತು. ಅದರ ಮುಖ್ಯ ವಿಧಿಗಳನ್ನು ರಾಜ್ಯ ಹೈಕೋರ್ಟ್ 2022ರ ಫೆಬ್ರವರಿ 14ರಂದು ರದ್ದುಪಡಿಸಿತು. ಅನಂತರ ಸಂಸತ್ತು 2025ರ ಆಗಸ್ಟ್‌ನಲ್ಲಿ ಆನ್‌ಲೈನ್ ಆಟಗಳ ಉತ್ತೇಜನ ಮತ್ತು ನಿಯಂತ್ರಣ ಕಾಯಿದೆಯನ್ನು ಅಂಗೀಕರಿಸಿತು. ಆಗಸ್ಟ್ 22ರಂದು ಅದಕ್ಕೆ ರಾಷ್ಟ್ರಪತಿಗಳ ಅಂಕಿತ ದೊರೆಯಿತು. ಕೌಶಲದ ಆಟವೋ ಅದೃಷ್ಟದ ಆಟವೋ ಎಂಬ ಭೇದವೆಣಿಸದೆ, ಹಣ ಗೆಲ್ಲುವ ನಿರೀಕ್ಷೆಯಲ್ಲಿ ಹಣ ತೊಡಗಿಸುವ ಆಟಗಳನ್ನು ಒದಗಿಸುವುದನ್ನು ಈ ಕಾಯಿದೆ ನಿಷೇಧಿಸುತ್ತದೆ. ಹಣ ಕೊಟ್ಟು ಪಡೆದ ನಾಣ್ಯ, ಟೋಕನ್ ಮೊದಲಾದವನ್ನೂ ಅದು ಪಣವೆಂದೇ ಪರಿಗಣಿಸುತ್ತದೆ. ಇಂಥ ಆಟ ಒದಗಿಸುವವರಿಗೆ 3 ವರ್ಷಗಳವರೆಗೆ ಸೆರೆವಾಸ, 1 ಕೋಟಿ ರೂಪಾಯಿವರೆಗೆ ದಂಡ ವಿಧಿಸಬಹುದು. ಜಾಹೀರಾತು ನೀಡುವವರಿಗೆ 2 ವರ್ಷಗಳವರೆಗೆ ಸೆರೆವಾಸ ಮತ್ತು 50 ಲಕ್ಷ ರೂಪಾಯಿವರೆಗೆ ದಂಡದ ಅವಕಾಶವಿದೆ. ಕಾಯಿದೆಯನ್ನು ಪ್ರಶ್ನಿಸಿ ಕರ್ನಾಟಕದ್ದೂ ಸೇರಿ ಹಲವು ಹೈಕೋರ್ಟುಗಳಲ್ಲಿ ಸಲ್ಲಿಕೆಯಾಗಿದ್ದ ಅರ್ಜಿಗಳನ್ನು ಸರ್ವೋಚ್ಚ ನ್ಯಾಯಾಲಯ ಅದೇ ವರ್ಷದ ಸೆಪ್ಟೆಂಬರ್‌ನಲ್ಲಿ ತನ್ನಲ್ಲಿಗೆ ವರ್ಗಾಯಿಸಿಕೊಂಡಿತು.

ಗೆಳೆಯರ ಸರ್ವರ್ ತಾನೇ ಎಂಬ ಸಲುಗೆಯಲ್ಲಿ ಬಾಟ್‌ನ ನಾಣ್ಯಕ್ಕೆ ಫೋನ್ ಮೂಲಕ ಹಣ ವರ್ಗಾಯಿಸುವ ವ್ಯವಹಾರ ಆರಂಭವಾದರೆ ಉತ್ತರ ಹೇಳಬೇಕಾದವರು ನಿರ್ವಾಹಕರೇ. ನಾಣ್ಯಕ್ಕೆ ಹಣದ ಬೆಲೆ ಇಲ್ಲ, ಕೊಳ್ಳುವುದೂ ಮಾರುವುದೂ ಸಲ್ಲದು ಎಂಬ ಒಂದು ಸಾಲನ್ನು ನಿಯಮಗಳ ಪಟ್ಟಿಯಲ್ಲಿ ಮೊದಲೇ ಬರೆದಿಡುವುದು ಕ್ಷೇಮ.

ಬಾಟ್ ನಿಂತುಹೋದರೆ

ಯಾವ ಬಾಟ್ ಕೂಡ ಶಾಶ್ವತವಲ್ಲ. ಡಿಸ್ಕಾರ್ಡ್‌ನಲ್ಲಿ ಲಕ್ಷಾಂತರ ಸರ್ವರುಗಳಲ್ಲಿ ಬಳಕೆಯಲ್ಲಿದ್ದ ಗ್ರೂವಿ ಮತ್ತು ರಿದಂ ಎಂಬ ಸಂಗೀತದ ಬಾಟ್‌ಗಳು ಯೂಟ್ಯೂಬ್‌ನ ನೋಟಿಸಿನ ಬಳಿಕ 2021ರ ಆಗಸ್ಟ್ 30 ಮತ್ತು ಸೆಪ್ಟೆಂಬರ್ 15ರಂದು ಸೇವೆ ನಿಲ್ಲಿಸಿದವು. ಬೇರೆಯವರ ಹಕ್ಕಿನ ಪಾತ್ರಗಳನ್ನೋ ಚಿತ್ರಗಳನ್ನೋ ಬಳಸುವ ಆಟದ ಬಾಟ್‌ಗೂ ಇಂಥ ದಿನ ಬರಬಹುದು. ಒಬ್ಬನೇ ವಿದ್ಯಾರ್ಥಿ ನಡೆಸುತ್ತಿದ್ದ ಬಾಟ್ ಅವನ ಓದು ಮುಗಿದೊಡನೆ ನಿಂತುಹೋಗಬಹುದು. ಬಾಟ್ ಹೋದಾಗ ಅದರೊಂದಿಗೆ ಅಂಕಗಳೂ ಸಂಗ್ರಹವೂ ಹೋಗುತ್ತವೆ. ವರ್ಷದ ಗೆಲುವಿನ ಪಟ್ಟಿಯನ್ನು ಸಮುದಾಯದ ಚಾನೆಲ್‌ನಲ್ಲಿಯೇ ಆಗಾಗ ಬರೆದಿಟ್ಟರೆ ಕೊನೆಗೆ ನೆನಪಾದರೂ ಉಳಿಯುತ್ತದೆ.

ಬಳಕೆಯಿಲ್ಲದ ಬಾಟ್ ಅನ್ನು ಸರ್ವರಿನಲ್ಲಿಯೇ ಬಿಡುವುದೂ ಸರಿಯಲ್ಲ. ಒಡೆಯ ಕೈಬಿಟ್ಟ ಬಾಟ್‌ನ ಅನುಮತಿ ಮಾತ್ರ ಹಾಗೆಯೇ ಉಳಿದಿರುತ್ತದೆ. ವರ್ಷಕ್ಕೆರಡು ಬಾರಿಯಾದರೂ ಬಾಟ್‌ಗಳ ಪಟ್ಟಿಯನ್ನು ಪರಿಶೀಲಿಸಿ, ಆರು ತಿಂಗಳಿನಿಂದ ಯಾರೂ ಮುಟ್ಟದವನ್ನು ಹೊರಗೆ ಕಳುಹಿಸುವ ಪದ್ಧತಿ ಇಟ್ಟುಕೊಳ್ಳಬೇಕು.

ಕವಡೆ ಎಸೆಯಲು ಯಂತ್ರ ಬಂದರೂ ಕಟ್ಟೆ ಜನರದ್ದೇ. ಆಟ ಮುಗಿದ ಮೇಲೂ ನಾಲ್ಕು ಮಂದಿ ಅಲ್ಲಿ ಕುಳಿತು ಮಾತು ಮುಂದುವರಿಸಿದರೆ ಬಾಟ್ ಸೇರಿಸಿದ್ದು ಸಾರ್ಥಕವಾಯಿತೆಂದು ತಿಳಿಯಬಹುದು. ಆಟ ನಿಂತೊಡನೆ ಕಟ್ಟೆ ಖಾಲಿಯಾದರೆ ನಿರ್ವಾಹಕರು ಇನ್ನೊಂದು ಬಾಟ್ ಹುಡುಕುವ ಮೊದಲು ಜನ ಏಕೆ ಬರುತ್ತಿದ್ದರೆಂದು ಯೋಚಿಸುವುದು ಒಳಿತು.